ಅಸಲು, ಬಡ್ಡಿ ಮತ್ತು ವಯಸ್ಸು

ನಮ್ಮ ಬಸವನಗುಡಿಯ ಹಳೆಯ ಬೀದಿಗಳಲ್ಲಿ ಮನೆಯೊಂದರ ಮಾತು ಬಂದಾಗ, ಅದು ಎಷ್ಟು ಚದರದ್ದು, ಬಾಗಿಲು ಯಾವ ದಿಕ್ಕಿಗೆ, ಬಾವಿಯ ನೀರು ಸಿಹಿಯೋ ಸವುಳೋ, ಹಿತ್ತಲಿನ ತೆಂಗು ಎಷ್ಟು ಕಾಯಿ ಬಿಡುತ್ತದೆ ಎಂಬ ಪ್ರಶ್ನೆಗಳೆಲ್ಲ ನಿಸ್ಸಂಕೋಚವಾಗಿ ಹೊರಡುತ್ತಿದ್ದವಾದರೂ, ಅದರ ಮೇಲೆ ಸಾಲವೆಷ್ಟಿದೆ, ಆ ಸಾಲ ತೀರುವಷ್ಟರಲ್ಲಿ ಯಜಮಾನನು ಒಟ್ಟು ಎಷ್ಟು ತೆತ್ತಂತಾಗುವುದು ಎಂಬ ಪ್ರಶ್ನೆಯನ್ನು ಮಾತ್ರ ಯಾರೂ ಎತ್ತುತ್ತಿರಲಿಲ್ಲ. ಪರರ ಋಣವನ್ನು ವಿಚಾರಿಸುವುದು ಅಸಭ್ಯವೆಂಬ ಭಾವನೆ ಆ ಕಾಲದ ಗೃಹಸ್ಥರಲ್ಲಿ ಬಲವಾಗಿತ್ತು. ಸೌಜನ್ಯವೇನೋ ಮೆಚ್ಚತಕ್ಕದ್ದೇ, ಆದರೆ ಅದರ ದೆಸೆಯಿಂದ, ಸಾಲ ಮಾಡಿ ಮನೆ ಕಟ್ಟಿದ ಹಿರಿಯರ ಅನುಭವವು ಅವರೊಡನೆಯೇ ಅಡಗಿಹೋಗಿ, ಮುಂದಿನವರು ಪ್ರತಿಯೊಬ್ಬರೂ ಆ ಪಾಠವನ್ನು ಸ್ವಂತ ಸಂಬಳದಿಂದ ಶುಲ್ಕ ತೆತ್ತು ಕಲಿಯಬೇಕಾಯಿತು.

ನಮ್ಮ ಮನೆತನದಲ್ಲಿ ಇದಕ್ಕೊಂದು ಅಪವಾದವಿತ್ತು. ನನ್ನ ತಾಯಿಯ ತವರು ಚಾಮರಾಜಪೇಟೆ. 1892ರಲ್ಲಿ ಚಾಮರಾಜೇಂದ್ರ ಒಡೆಯರ ಹೆಸರಿನಲ್ಲಿ ಕೋಟೆಯ ಪಶ್ಚಿಮಕ್ಕೆ ಸರಳರೇಖೆ ಎಳೆದಂತೆ ನಿರ್ಮಿಸಿದ ಆ ಬಡಾವಣೆಯ ಒಂದು ಅಡ್ಡರಸ್ತೆಯಲ್ಲಿ ನನ್ನ ತಾಯಿಯ ತಂದೆ ಮನೆ ಮಾಡಿದ್ದರು. ಮುಂದೆ ಇಬ್ಬರು ಹೆಣ್ಣುಮಕ್ಕಳ ಮದುವೆಯ ಕಾಲಕ್ಕೆ ಅದನ್ನು ಚಿಕ್ಕಪೇಟೆಯ ಒಬ್ಬ ಸಾಹುಕಾರರಿಗೆ ಎರಡು ಸಾವಿರ ರೂಪಾಯಿಗೆ ಭೋಗ್ಯಕ್ಕೆ ಕೊಟ್ಟರು. ಭೋಗ್ಯದ ಧರ್ಮವು ಇಂದಿಗೂ ಬೆಂಗಳೂರಿಗರಿಗೆ ಅಪರಿಚಿತವಲ್ಲ: ಹಣ ಕೊಟ್ಟವನು ಬಡ್ಡಿಯನ್ನು ಕೇಳುವುದಿಲ್ಲ, ಮನೆಯನ್ನೇ ಅನುಭವಿಸುತ್ತಾನೆ, ಅಸಲು ಒಂದು ಕಾಸಿನಷ್ಟೂ ಕರಗುವುದಿಲ್ಲ, ವಾಯಿದೆ ಮುಗಿದ ದಿನ ಪೂರ್ತಿ ಹಣವನ್ನು ಎಣಿಸಿಕೊಟ್ಟರೆ ಮನೆ ಮರಳಿ ಬರುತ್ತದೆ. 1882ರ ಸ್ವತ್ತು ವರ್ಗಾವಣೆ ಕಾಯಿದೆಯು ಅಡಮಾನದ ಬಗೆಗಳನ್ನು ವಿಂಗಡಿಸುವಾಗ ಇದಕ್ಕೂ ಒಂದು ಸ್ಥಾನವನ್ನು ಕೊಟ್ಟಿದೆ. ತಾತನವರು ಸಂಸಾರವನ್ನು ಎರಡು ಅಡ್ಡರಸ್ತೆಗಳಾಚೆ ಒಂದು ವಠಾರಕ್ಕೆ ಸಾಗಿಸಿ, ಪ್ರತಿದಿನ ಕಚೇರಿಗೆ ಹೋಗುವಾಗ ತಮ್ಮ ಮನೆಯ ಮುಂದೆಯೇ ಹಾದುಹೋಗುತ್ತಿದ್ದರಂತೆ. ಅಲ್ಲಿ ಬೇರೆಯವರ ಮಕ್ಕಳು ಜಗಲಿಯ ಮೇಲೆ ಕುಳಿತು ಮಗ್ಗಿ ಒಪ್ಪಿಸುತ್ತಿದ್ದರು. ಐದು ವರ್ಷದ ವಾಯಿದೆ ಹತ್ತು ವರ್ಷವಾಗಿ, ಅಜ್ಜಿಯ ಕಾಸಿನ ಸರವು ಅಕ್ಕಸಾಲಿಗನ ಪಾಲಾಗಿ, ಕೊನೆಗೆ ಮನೆ ಬಿಡುಗಡೆಯಾಯಿತು. ತಾಯಿಯವರು ಈ ಕಥೆಯನ್ನು ಹೇಳುತ್ತಿದ್ದುದು ದುಃಖದಿಂದಲ್ಲ, ಒಂದು ಬಗೆಯ ತೃಪ್ತಿಯಿಂದ. ಅವರ ತಂದೆಗೆ ಆ ಸಾಲದ ಬೆಲೆ ಏನೆಂಬುದರಲ್ಲಿ ಎಳ್ಳಷ್ಟೂ ಭ್ರಾಂತಿಯಿರಲಿಲ್ಲ. ಬಡ್ಡಿಯು ಅವರ ಕಣ್ಣೆದುರಿಗೇ ದೀಪ ಹಚ್ಚಿ, ರಂಗೋಲಿಯಿಟ್ಟು ಸಂಸಾರ ಮಾಡುತ್ತಿತ್ತು.

ನಾನು ಕಾಲೇಜಿನಲ್ಲಿ ಚರಿತ್ರೆಯನ್ನು ಬೋಧಿಸುತ್ತಿದ್ದವನಾದ್ದರಿಂದ, ಈ ವಿಷಯದಲ್ಲಿ ನಮ್ಮ ನಾಡಿನ ಒಬ್ಬ ಮಹಾಶಯನ ಕಡೆಗೆ ಮನಸ್ಸು ತಾನಾಗಿಯೇ ತಿರುಗುತ್ತದೆ. ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಇಂದಿನ ಬಸವಕಲ್ಯಾಣದಲ್ಲಿ ಕುಳಿತು ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ‘ಮಿತಾಕ್ಷರಾ’ ವ್ಯಾಖ್ಯಾನವನ್ನು ಹಿಂದೂ ಕುಟುಂಬದ ದಾಯವಿಭಾಗಕ್ಕಾಗಿ ಎಲ್ಲರೂ ಸ್ಮರಿಸುತ್ತಾರೆ. ಅದರ ಋಣಾದಾನ ಪ್ರಕರಣವನ್ನು ಓದುವವರು ಕಡಮೆ. ಒತ್ತೆಯಿಟ್ಟು ತಂದ ಸಾಲಕ್ಕೆ ತಿಂಗಳಿಗೆ ಎಂಬತ್ತರಲ್ಲೊಂದು ಭಾಗ ಬಡ್ಡಿಯೆಂದು ಸ್ಮೃತಿ ವಿಧಿಸುತ್ತದೆ. ಸಾಲವು ದ್ವಿಗುಣವಾಗುವಷ್ಟರಲ್ಲಿ ಬಿಡಿಸಿಕೊಳ್ಳದಿದ್ದ ಒತ್ತೆ ನಷ್ಟವಾಗುತ್ತದೆ. ಆದರೆ ಫಲವನ್ನು ಅನುಭವಿಸಲೆಂದು ಕೊಟ್ಟ ಒತ್ತೆ ಎಂದಿಗೂ ನಷ್ಟವಾಗದು. ನಮ್ಮ ತಾತನ ಮನೆ ಉಳಿದುಬಂದದ್ದು ಈ ಪ್ರಾಚೀನ ವಿವೇಕದ ನೆರಳಿನಲ್ಲಿಯೇ. ಮನುವಿನ ಇನ್ನೊಂದು ನಿಯಮವುಂಟು: ಒಂದೇ ಬಾರಿಗೆ ಪಡೆಯುವ ಬಡ್ಡಿಯು ಅಸಲನ್ನು ದ್ವಿಗುಣಗೊಳಿಸುವುದಕ್ಕಿಂತ ಹೆಚ್ಚಾಗಕೂಡದು. ‘ಒಂದೇ ಬಾರಿಗೆ’ ಎಂಬ ಆ ಉಪಾಧಿ ಬಹು ಸೂಕ್ಷ್ಮವಾದದ್ದು. ಕಂತುಕಂತಾಗಿ ಪಡೆದ ಬಡ್ಡಿಗೆ ಆ ಮಿತಿ ಅನ್ವಯಿಸದು. ನಮ್ಮ ಕಾಲದ ಗೃಹಸಾಲವೆಲ್ಲವೂ ಈ ಕಿಂಡಿಯಿಂದಲೇ ಒಳಗೆ ಬಂದಿದೆಯೆಂದು ನನಗೆ ಅರಿವಾದದ್ದು ಬಹಳ ತಡವಾಗಿ.

ಸಾಹುಕಾರನಿಂದ ಸಂಸ್ಥೆಗೆ ಋಣವು ವರ್ಗವಾದ ಕಥೆಯೂ ಈ ಬಡಾವಣೆಗಳಲ್ಲಿಯೇ ನಡೆದದ್ದು. 1898ರ ಪ್ಲೇಗಿನ ಹಾವಳಿಗೆ ಪೇಟೆಯ ಇಕ್ಕಟ್ಟಾದ ಓಣಿಗಳನ್ನು ತೊರೆದ ಜನರಿಗೆ ಬಸವನಗುಡಿ ಮತ್ತು ಮಲ್ಲೇಶ್ವರಗಳು ಗಾಳಿ ಬೆಳಕುಗಳ ಆಶ್ವಾಸನೆಯನ್ನು ಕೊಟ್ಟವು. ನಿವೇಶನ ಸಿಕ್ಕಿತಾದರೂ ಅದರ ಮೇಲೆ ಗೋಡೆಯೆಬ್ಬಿಸಲು ಗುಮಾಸ್ತನ ಸಂಬಳ ಸಾಲದು. 1905ರಲ್ಲಿ ಮೈಸೂರು ಸಂಸ್ಥಾನವು ಸಹಕಾರ ಸಂಘಗಳ ಶಾಸನವನ್ನು ತಂದಿತು. ಎರಡು ವರ್ಷಗಳ ತರುವಾಯ ಚಾಮರಾಜಪೇಟೆಯ ಬೆಂಗಳೂರು ಸಿಟಿ ಸಹಕಾರಿ ಬ್ಯಾಂಕು ಹುಟ್ಟಿತು. 1909ರಲ್ಲಿ ಸ್ಥಾಪಿತವಾದ ಬೆಂಗಳೂರು ಗೃಹನಿರ್ಮಾಣ ಸಹಕಾರ ಸಂಘವನ್ನು ಭರತಖಂಡದಲ್ಲಿಯೇ ಆ ಬಗೆಯ ಮೊದಲನೆಯದೆಂದು ಹೇಳುತ್ತಾರೆ. ನಮ್ಮ ತಂದೆಯವರು ಬಸವನಗುಡಿಯಲ್ಲಿ ಮನೆ ಕಟ್ಟಿದಾಗ ಹಣವನ್ನು ಪಡೆದದ್ದೂ ಇಂಥದೊಂದು ಸಂಘದಿಂದಲೇ. ಸದಸ್ಯರೆಲ್ಲರೂ ಪರಸ್ಪರ ಪರಿಚಿತರು. ಕಂತು ತಪ್ಪಿದವನ ಹೆಸರು ಸಾಯಂಕಾಲ ಬ್ಯೂಗಲ್ ರಾಕಿನ ಬಂಡೆಗಳ ಮೇಲೆ ಕುಳಿತವರಿಗೆಲ್ಲ ತಿಳಿದುಹೋಗುತ್ತಿತ್ತು. ಅವಧಿ ಹತ್ತು ವರ್ಷಕ್ಕೆ ಮೀರಿರಲಿಲ್ಲ. ಆದಕಾರಣ ತಂದೆಯವರು ಮಧ್ಯವಯಸ್ಸಿಗೆ ಮೊದಲೇ ಋಣಮುಕ್ತರಾದರು. ಅವರಿಗೆ ಅದೊಂದು ವಿಶೇಷವಾಗಿ ಕಾಣಲಿಲ್ಲ.

ನನ್ನ ಸರದಿ ಬಂದದ್ದು 1994ರಲ್ಲಿ. ತಂದೆಯವರ ಮನೆಯಲ್ಲಿ ಅರ್ಧ ನನ್ನದು, ಅರ್ಧ ಮುಂಬಯಿಯಲ್ಲಿ ನೆಲೆಸಿದ್ದ ಅಣ್ಣನದು. ಅಣ್ಣನಿಗೆ ಅಲ್ಲಿ ಮನೆ ಕೊಳ್ಳಬೇಕಾಗಿತ್ತು. ತನ್ನ ಭಾಗವನ್ನು ಹೊರಗಿನವರಿಗೆ ಮಾರುವುದಕ್ಕೆ ಅವನ ಮನಸ್ಸು ಒಡಂಬಡಲಿಲ್ಲ, ಬಿಟ್ಟುಕೊಡುವಷ್ಟು ಅನುಕೂಲವೂ ಅವನಿಗಿರಲಿಲ್ಲ. ‘ನೀನೇ ತೊಗೊಳ್ಳೋ, ಅಪ್ಪನ ಮನೆ ಒಂದೇ ಕೈಲಿರಲಿ’ ಎಂದ. ಹೀಗೆ, ನಾನು ಆಡಿ ಬೆಳೆದ ಮನೆಯ ಅರ್ಧಕ್ಕೆ ಕ್ರಯಪತ್ರವನ್ನು ಬರೆಸಿಕೊಳ್ಳುವುದಕ್ಕಾಗಿ ಮೂರು ಲಕ್ಷ ರೂಪಾಯಿಗಳ ಸಾಲವನ್ನು ಮಾಡಿದೆ. ಅಷ್ಟರಲ್ಲಿ ಗೃಹಸಾಲವನ್ನು ಕೊಡುವುದೇ ಕಸುಬಾದ ಸಂಸ್ಥೆಗಳು ಹುಟ್ಟಿಕೊಂಡಿದ್ದವು. 1977ರಲ್ಲಿ ಹಸ್ಮುಖ್ ಪಾರೇಖರು ಎಚ್‌ಡಿಎಫ್‌ಸಿಯನ್ನು ಸ್ಥಾಪಿಸಿ ದಾರಿ ತೋರಿದ ಮೇಲೆ, 1987ರಲ್ಲಿ ಕೆನರಾ ಬ್ಯಾಂಕಿನ ಆಶ್ರಯದಲ್ಲಿ ಕ್ಯಾನ್‌ಫಿನ್ ಹೋಮ್ಸ್, 1989ರಲ್ಲಿ ಜೀವವಿಮಾ ನಿಗಮದ ಗೃಹಸಾಲ ಸಂಸ್ಥೆ, ಹೀಗೆ ಒಂದರ ಹಿಂದೊಂದು. ನಾನು ಹೋದದ್ದು ಯಾವುದಕ್ಕೆ ಎಂಬುದು ಇಲ್ಲಿ ಅಪ್ರಸ್ತುತ. ಎಲ್ಲರ ಕಾಗದವೂ ಹೆಚ್ಚು ಕಡಮೆ ಒಂದೇ ಅಚ್ಚಿನದು. ತಂದೆಯವರ ಮೂಲ ಕ್ರಯಪತ್ರ, ವಿಭಾಗಪತ್ರ, ಖಾತೆ, ಇ.ಸಿ. ಎಲ್ಲವನ್ನೂ ಒಂದು ಲಕೋಟೆಯಲ್ಲಿಟ್ಟು ಅವರ ವಶಕ್ಕೆ ಒಪ್ಪಿಸಿದೆ. ಬಡ್ಡಿ ಶೇಕಡಾ 15, ಅವಧಿ 15 ವರ್ಷ, ತಿಂಗಳ ಕಂತು 4,275 ರೂಪಾಯಿ. ಶಾಲೆಯಲ್ಲಿ ಪಾಠ ಹೇಳುತ್ತಿದ್ದ ನನ್ನ ಹೆಂಡತಿಯ ಸಂಬಳವನ್ನೂ ಸೇರಿಸಿದರೆ ನಮ್ಮ ವರಮಾನದಲ್ಲಿ ಮೂರರಲ್ಲೊಂದು ಪಾಲು. ತಿಂಗಳಿಗೆ ನೂರಕ್ಕೆ ಒಂದೂಕಾಲು ರೂಪಾಯಿ ಎಂದರೆ ಎಂಬತ್ತರಲ್ಲೊಂದು ಭಾಗವೇ ಸರಿ. ವಿಜ್ಞಾನೇಶ್ವರನ ದರವು ಒಂಬೈನೂರು ವರ್ಷಗಳ ತರುವಾಯ ಗಾಂಧಿಬಜಾರಿನ ಆಸುಪಾಸಿನಲ್ಲಿ ಯಥಾಸ್ಥಿತವಾಗಿ ಚಲಾವಣೆಯಲ್ಲಿದೆಯಲ್ಲ ಎಂದು ಚರಿತ್ರೆಯ ಮೇಷ್ಟರಾಗಿ ನನಗೆ ಕೊಂಚ ಹರ್ಷವೇ ಆಯಿತು.

ಆ ಹರ್ಷವನ್ನು ತಿದ್ದಿದವರು ಎದುರುಮನೆಯ ರಾಯರು. ಏಜೀಸ್ ಆಫೀಸಿನಿಂದ ನಿವೃತ್ತರಾದ ಅವರು, ಗಣಕಯಂತ್ರವನ್ನು ನಂಬದೆ, ವಿದ್ಯಾರ್ಥಿದೆಸೆಯಲ್ಲಿ ಕೊಂಡ ಲಾಗರಿದಮ್ ಕೋಷ್ಟಕದ ಪುಸ್ತಕವನ್ನು ರಟ್ಟು ಕಿತ್ತುಹೋದರೂ ಜೋಪಾನ ಮಾಡಿಕೊಂಡಿದ್ದವರು. ಒಂದು ಭಾನುವಾರ ಮಧ್ಯಾಹ್ನ ಕಾಫಿಯ ಲೋಟವನ್ನು ಪಕ್ಕಕ್ಕೆ ಸರಿಸಿ, ‘ಎಲ್ಲಿ, ಆ ಕರಾರುಪತ್ರ ತೊಗೊಂಬನ್ನಿ ಮೇಷ್ಟ್ರೆ’ ಎಂದರು. ಓದಿ ಮುಗಿಸಿ, ‘ಬಡ್ಡಿ ಎಷ್ಟು ಅಂತ ಎಲ್ಲರೂ ಕೇಳ್ತಾರೆ. ಯಾವಾಗ ಹಿಡ್ಕೋತಾರೆ ಅಂತ ಕೇಳಿದಿರಾ?’ ಎಂದರು. ನಾನು ಕೇಳಿರಲಿಲ್ಲ, ಅಂಥದೊಂದು ಪ್ರಶ್ನೆಯಿದೆಯೆಂಬುದೇ ನನಗೆ ತಿಳಿದಿರಲಿಲ್ಲ. ಅವರು ಫುಲ್‌ಸ್ಕೇಪ್ ಕಾಗದದ ಮೇಲೆ ನಾಲ್ಕು ಅಂಕಣಗಳನ್ನು ಗೀರಿ, 1.15ರ ಲಾಗರಿದಮ್ಮನ್ನು ಹದಿನೈದರಿಂದ ಗುಣಿಸಿ, ಕೋಷ್ಟಕವನ್ನು ತಿರುವಿಹಾಕಿ, ಸಾಯಂಕಾಲದ ಹೊತ್ತಿಗೆ ನನ್ನ ಮುಂದಿನ ಹದಿನೈದು ವರ್ಷಗಳ ಜಾತಕವನ್ನು ಬರೆದು ಮುಗಿಸಿದರು.

ಮೊದಲನೆಯ ವರ್ಷ ನಾನು ಕಟ್ಟುವುದು 51,305 ರೂಪಾಯಿ. ಅದರಲ್ಲಿ ಬಡ್ಡಿಗೆ ಹೋಗುವುದು 45,000, ಅಸಲಿಗೆ ಸಲ್ಲುವುದು 6,305. ತಿಂಗಳು ತಿಂಗಳಿಗೂ ಹಣ ಕಟ್ಟಿದರೂ, ಅಸಲಿನ ಇಳಿತವನ್ನು ಲೆಕ್ಕಕ್ಕೆ ಹಿಡಿಯುವುದು ವರ್ಷದ ಕೊನೆಗೆ ಒಮ್ಮೆ ಮಾತ್ರವೆಂದು ಕರಾರಿನಲ್ಲಿತ್ತು. ಆ ಕಾಲದಲ್ಲಿ ಅದೇ ರೂಢಿ. ತಿಂಗಳ ಬಾಕಿಯ ಮೇಲೆ ಬಡ್ಡಿ ಹಾಕಿದ್ದರೆ ಕಂತು 4,199 ಆಗುತ್ತಿತ್ತು. ದರ ಒಂದೇ, ಅವಧಿ ಒಂದೇ, ಕೇವಲ ಕಾಲಗಣನೆಯ ಕ್ರಮದಿಂದ ಹದಿನೈದು ವರ್ಷಕ್ಕೆ ಹದಿನಾಲ್ಕು ಸಾವಿರದಷ್ಟು ವ್ಯತ್ಯಾಸ. ಐದು ವರ್ಷ ಮುಗಿಯುವಾಗ ನಾನು ತೆತ್ತದ್ದು ಎರಡೂವರೆ ಲಕ್ಷವನ್ನು ಮೀರಿರುತ್ತದೆ, ಬಾಕಿ ಇನ್ನೂ 2,57,489 ಇರುತ್ತದೆ. ಹತ್ತು ವರ್ಷಕ್ಕೆ ಬಾಕಿ 1,71,982. ಅಂದರೆ ಅವಧಿಯಲ್ಲಿ ಮೂರರಲ್ಲೆರಡು ಪಾಲು ಕಳೆದರೂ ಸಾಲದ ಅರ್ಧಕ್ಕಿಂತ ಹೆಚ್ಚು ಹಾಗೆಯೇ ನಿಂತಿರುತ್ತದೆ. ಎಲ್ಲ ಮುಗಿದಾಗ ಒಟ್ಟು ಸಂದಾಯ 7,69,577. ಬಡ್ಡಿಯೇ ಅಸಲಿನ ಒಂದೂವರೆ ಪಾಲಿಗಿಂತ ಮಿಗಿಲು. ಸಾಲವು ದ್ವಿಗುಣವನ್ನು ದಾಟಿ ಎರಡೂವರೆಯನ್ನೂ ಮೀರಿತ್ತು. ಇಲ್ಲಿಯೇ ಮನುವಿನ ಆ ಉಪಾಧಿ ನನಗೆ ಅರ್ಥವಾದದ್ದು.

ರಾಯರ ಕಾಗದವನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಅದರಲ್ಲಿ ಮೋಸವೆಂಬುದು ಎಲ್ಲಿಯೂ ಇಲ್ಲ. ಬಾಕಿಯ ಮೇಲೆ ಬಡ್ಡಿ. ಮೊದಲು ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಇದರಲ್ಲಿ ಅನ್ಯಾಯವೇನು ಬಂತು? ಆದರೂ ಆ ನಾಲ್ಕು ಅಂಕಣಗಳ ಪಕ್ಕದಲ್ಲಿ ನನ್ನ ವಯಸ್ಸನ್ನೂ ಹೆಂಡತಿಯ ವಯಸ್ಸನ್ನೂ ಮಗಳ ತರಗತಿಯನ್ನೂ ಬರೆದು ನೋಡಿದಾಗ, ಬೇರೆಯೇ ಒಂದು ಅರ್ಥ ಹೊರಟಿತು. ಬಡ್ಡಿಯು ಅಗಾಧವಾಗಿದ್ದ ವರ್ಷಗಳು ಯಾವುವೋ ಅವೇ ನಮ್ಮ ಮೈಯಲ್ಲಿ ಶಕ್ತಿಯೂ ಮನಸ್ಸಿನಲ್ಲಿ ಆಸೆಗಳೂ ಇದ್ದ ವರ್ಷಗಳು. ಅಸಲು ವೇಗವಾಗಿ ಕರಗಿದ ವರ್ಷಗಳಲ್ಲಿಯಾದರೋ ನಮಗೆ ಹಣದಿಂದ ಆಗಬೇಕಾದದ್ದು ಅಷ್ಟೇನೂ ಉಳಿದಿರಲಿಲ್ಲ.

ಒಂದು ನಿದರ್ಶನವನ್ನು ಮಾತ್ರ ಹೇಳುತ್ತೇನೆ. ಸಾಲ ಮಾಡಿದ ಎರಡು ಮೂರು ವರ್ಷಗಳ ತರುವಾಯ ಧಾರವಾಡಕ್ಕೆ ಹೋಗಿ ಶಾಸನಗಳ ಮೇಲೆ ಕೆಲಸ ಮಾಡುವ ಅವಕಾಶ ನನಗೆ ಒದಗಿತ್ತು. ಮಾರ್ಗದರ್ಶನ ಮಾಡುವವರು ಸಿದ್ಧರಿದ್ದರು, ವಿಷಯ ನಿಶ್ಚಯವಾಗಿತ್ತು. ಕಾಲೇಜಿನವರು ರಜೆಯನ್ನೂ ಕೊಡುತ್ತಿದ್ದರು, ಆದರೆ ಸಂಬಳವಿಲ್ಲದ ರಜೆ. ನನ್ನಾಕೆಯ ಸಂಬಳದಲ್ಲಿ ಮನೆ ನಡೆದೀತು, ಕಂತು ನಡೆಯದು; ಕಂತಿಗೆ ‘ಎರಡು ವರ್ಷ ಅರ್ಧವೇ ಕಟ್ಟುತ್ತೇನೆ’ ಎಂದು ಹೇಳುವ ಮಾರ್ಗವಿರಲಿಲ್ಲ. ಧಾರವಾಡಕ್ಕೆ ಒಂದು ಕಾರ್ಡು ಬರೆದು ಸುಮ್ಮನಾದೆ. ಇದನ್ನು ತ್ಯಾಗವೆಂದು ವರ್ಣಿಸುವ ಉದ್ದೇಶ ನನಗಿಲ್ಲ. ಮನೆಯನ್ನು ಬೇಕೆಂದು ಕೊಂಡವನು ನಾನು, ಅದು ಇಂದಿಗೂ ನನಗೆ ಬೇಕು. ಆದರೆ ಆ ಮನೆಯ ಬೆಲೆಯನ್ನು ಯಾರಾದರೂ ನನ್ನಲ್ಲಿ ಕೇಳಿದರೆ, ಮೂರು ಲಕ್ಷವೆಂದೂ ಹೇಳಲಾರೆ, ಏಳೂಮುಕ್ಕಾಲು ಲಕ್ಷವೆಂದೂ ಹೇಳಲಾರೆ. ಬರೆಯದೆ ಉಳಿದ ಆ ಪ್ರಬಂಧವು ಯಾವ ಅಂಕಣಕ್ಕೆ ಸೇರಬೇಕೋ ರಾಯರಿಗೂ ತಿಳಿಯುತ್ತಿರಲಿಲ್ಲ.

ನ್ಯಾಯವಾಗಿ ಇನ್ನೊಂದು ಪಕ್ಷವನ್ನೂ ಹೇಳಬೇಕು. ಸಾಲ ಮಾಡಿದಾಗ ಎದೆಯ ಮೇಲೆ ಕಲ್ಲಿಟ್ಟಂತಿದ್ದ ಕಂತು, ವೇತನ ಆಯೋಗಗಳು ಬಂದುಹೋದ ಮೇಲೆ, ಕೊನೆಯ ವರ್ಷಗಳಲ್ಲಿ ತಿಂಗಳ ದಿನಸಿಯ ಚೀಟಿಗಿಂತಲೂ ಹಗುರವಾಯಿತು. ರೂಪಾಯಿಯ ಬೆಲೆ ಇಳಿಯುವುದರಿಂದ ಅಧಮರ್ಣನಿಗೆ ಲಾಭ, ಉತ್ತಮರ್ಣನಿಗೆ ನಷ್ಟ ಎಂಬ ಅರ್ಥಶಾಸ್ತ್ರದ ಸೂತ್ರ ಸುಳ್ಳಲ್ಲ. ಹಾಗೆಯೇ, ಇಂದು ಬಸವನಗುಡಿಯ ನೆಲಕ್ಕೆ ಬಂದಿರುವ ಬೆಲೆಯ ಮುಂದೆ ನಾನು ತೆತ್ತ ಬಡ್ಡಿ ಲೆಕ್ಕಕ್ಕೇ ಇಲ್ಲ. ಜಂಟಿ ಅಭಿವೃದ್ಧಿಯ ಕರಾರನ್ನು ಕಂಕುಳಲ್ಲಿಟ್ಟುಕೊಂಡು ಬರುವ ಬಿಲ್ಡರುಗಳು, ಚದರಡಿಯ ದರವನ್ನು ಹೇಳಿ, ‘ಎಂಥಾ ಲಾಭ ಮಾಡಿದೀರ ಸಾರ್’ ಎಂದು ಕೈ ಕುಲುಕುತ್ತಾರೆ. ಈ ಲಾಭವನ್ನು ನಾನು ಎಲ್ಲಿ ಹುಡುಕಲಿ? ಮನೆಯನ್ನು ಮಾರಿದರೆ ಇಂಥದೇ ಮನೆಯನ್ನು ಇದೇ ಬೆಲೆಗೆ ಕೊಳ್ಳಬೇಕು. ಮಾರದಿದ್ದರೆ ಅದು ಕಾಗದದ ಮೇಲಿನ ಐಶ್ವರ್ಯ. ಮನೆಯ ಬೆಲೆಯೇರಿಕೆ ಸಾಲವನ್ನು ಸಮರ್ಥಿಸುತ್ತದೆಯೆಂಬ ವಾದವನ್ನು ನಾನು ಪೂರ್ಣವಾಗಿ ಒಪ್ಪಿಲ್ಲ. ಆ ಏರಿಕೆ ಮಗಳಿಗೆ ಸಲ್ಲುವುದು, ಬಡ್ಡಿ ನನ್ನ ಕೈಯಿಂದ ಸಂದದ್ದು.

2004ರ ಹೊತ್ತಿಗೆ ಬಡ್ಡಿಯ ದರಗಳು ಅರ್ಧಕ್ಕೆ ಇಳಿದಿದ್ದವು. ಹೊಸದಾಗಿ ಬಂದವರಿಗೆ ಶೇಕಡಾ 8ಕ್ಕೆ ಸಾಲ ಸಿಗುತ್ತಿರುವಾಗ ನಾನು ಹಳೆಯ 15ನ್ನೇ ಕಟ್ಟುತ್ತಿದ್ದೆ. ಹಳೆಯ ಗಿರಾಕಿಗೆ ಹೊಸ ದರವನ್ನು ಕೊಡಲು ಸಂಸ್ಥೆ ಒಡಂಬಡಲಿಲ್ಲ. ಅವಧಿಗೆ ಮುಂಚೆ ತೀರಿಸಿದರೆ ಬಾಕಿಯ ಮೇಲೆ ನೂರಕ್ಕೆ ಎರಡರಂತೆ ದಂಡವೆಂದಿತು. ದಂಡವನ್ನು ತೆತ್ತು, ಸಾಲವನ್ನು ಬೇರೆಡೆಗೆ ವರ್ಗಾಯಿಸಿದೆ; ಕಂತು 3,487ಕ್ಕೆ ಇಳಿಯಿತು. ಈ ಸಂತೋಷವನ್ನು ರಾಯರೊಡನೆ ಹಂಚಿಕೊಳ್ಳಲು ಹೋದಾಗ ಅವರು ಆಗಲೇ ಕಣ್ಣಿನ ಪೊರೆಯಿಂದ ಕೋಷ್ಟಕ ಓದಲಾರದವರಾಗಿದ್ದರು. ಆದರೂ ಬಾಯಿಲೆಕ್ಕದಲ್ಲಿಯೇ, ‘ಉಳಿಯೋದು ನಲವತ್ತು ನಲವತ್ತೈದು ಸಾವಿರ ಅಷ್ಟೇ ಮೇಷ್ಟ್ರೆ. ಒಟ್ಟು ಬಡ್ಡೀಲಿ ಐದರಲ್ಲಿ ನಾಲ್ಕು ಪಾಲು ಅವರು ಆಗ್ಲೇ ತೊಗೊಂಡಾಗಿದೆ’ ಎಂದರು. ಮನೆಗೆ ಬಂದು ಲೆಕ್ಕ ಹಾಕಿದೆ. ಬಡ್ಡಿಯ ಒಟ್ಟು ಮೊತ್ತ 4,69,577ರಲ್ಲಿ 3,85,000 ಮೊದಲ ಹತ್ತು ವರ್ಷಗಳಲ್ಲಿಯೇ ಸಂದಿತ್ತು. ದರ ಹೆಚ್ಚು ಕಡಮೆ ಅರ್ಧವಾದರೂ, ದಂಡವನ್ನು ಕಳೆದು ನನಗೆ ಮಿಕ್ಕದ್ದು ನಲವತ್ತನಾಲ್ಕು ಸಾವಿರಕ್ಕೂ ಕಡಮೆ. ಅವಧಿಗೆ ಮುಂಚಿನ ತೀರುವಳಿಯ ಈ ದಂಡವನ್ನು ಚರದರದ ಗೃಹಸಾಲಗಳ ಮಟ್ಟಿಗೆ ರಿಸರ್ವ್ ಬ್ಯಾಂಕು 2012ರಲ್ಲಿ ನಿಷೇಧಿಸಿತು.

ಚರದರ ಬಂದ ಮೇಲೆ ಸಾಲದ ಸ್ವಭಾವವೇ ಬದಲಾಗಿದೆ. ದರವೇರಿದಾಗ ಕಂತನ್ನು ಏರಿಸದೆ ಅವಧಿಯನ್ನು ಲಂಬಿಸುವ ಪದ್ಧತಿ ಒಂದುಂಟು. ಸಾಲಗಾರನಿಗೆ ನೋವೇ ತಿಳಿಯುವುದಿಲ್ಲ, ವರ್ಷಗಳು ಮಾತ್ರ ಬೆಳೆಯುತ್ತವೆ. 2022ರ ಮೇ ತಿಂಗಳಿಗೆ ಮೊದಲು ರಿಸರ್ವ್ ಬ್ಯಾಂಕಿನ ರೆಪೊ ದರ ಶೇಕಡಾ 4. ಮರುವರ್ಷದ ಫೆಬ್ರವರಿಗೆ 6.5. ಆರೂವರೆಯ ದರದಲ್ಲಿ ಇಪ್ಪತ್ತು ವರ್ಷಕ್ಕೆ ಪಡೆದ ಸಾಲಕ್ಕೆ ಲಕ್ಷವೊಂದರ ಕಂತು 746 ರೂಪಾಯಿ. ದರ ಒಂಬತ್ತಕ್ಕೆ ಏರಿದರೆ, ಲಕ್ಷದ ಬಾಕಿಗೆ ಒಂದು ತಿಂಗಳ ಬಡ್ಡಿಯೇ 750. ಕಂತು ಬಡ್ಡಿಗೂ ಸಾಲದು! ನಮ್ಮ ತಾತನ ಭೋಗ್ಯದಲ್ಲಾದರೂ ಅಸಲು ಇದ್ದಲ್ಲಿಯೇ ಇರುತ್ತಿತ್ತು. ಕಂತನ್ನು ಏರಿಸಬೇಕೋ ಅವಧಿಯನ್ನು ಬೆಳೆಸಬೇಕೋ ಎಂಬುದನ್ನು ಸಾಲಗಾರನನ್ನು ಕೇಳಿಯೇ ನಿರ್ಧರಿಸತಕ್ಕದ್ದೆಂದು 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕು ವಿಧಿಸಿದ್ದು ಸಣ್ಣ ಉಪಕಾರವಲ್ಲ.

ನನ್ನ ಮಗಳು ಮದುವೆಯಾಗಿ ಮಲ್ಲೇಶ್ವರದಲ್ಲಿ, ಸಂಪಿಗೆ ರಸ್ತೆಗೆ ಸಮೀಪ, ಬಾಡಿಗೆಯ ಮನೆಯಲ್ಲಿದ್ದಳು. ಅಲ್ಲಿ ಕೊಳ್ಳುವುದು ಅವರ ಶಕ್ತಿಗೆ ಮೀರಿದ್ದರಿಂದ ಕನಕಪುರ ರಸ್ತೆಯಲ್ಲಿ ಒಂದು ಫ್ಲ್ಯಾಟನ್ನು ನಿಶ್ಚಯಿಸಿ, 60 ಲಕ್ಷದ ಸಾಲದ ಕಾಗದಗಳನ್ನು ನನ್ನ ಮುಂದೆ ಹರಡಿದಳು. ದರ ಎಂಟೂವರೆ. ಇಪ್ಪತ್ತು ವರ್ಷಕ್ಕಾದರೆ ಕಂತು 52,069, ಒಟ್ಟು ಬಡ್ಡಿ ಸುಮಾರು 65 ಲಕ್ಷ. ಮೂವತ್ತು ವರ್ಷಕ್ಕಾದರೆ ಕಂತು 46,135, ಬಡ್ಡಿ ಒಂದು ಕೋಟಿ ಆರು ಲಕ್ಷ. ತಿಂಗಳಿಗೆ ಆರು ಸಾವಿರದ ಸೌಲಭ್ಯಕ್ಕೆ 41 ಲಕ್ಷದ ಮೂಲ್ಯ. ರಾಯರ ಶಿಷ್ಯನಾದ ನಾನು ಇಪ್ಪತ್ತನ್ನೇ ಆರಿಸಿಕೊಳ್ಳೆಂದು ಉಪದೇಶಿಸಿದೆ. ಅವಳು ನಕ್ಕು, ‘ಇಲ್ಲ ಅಪ್ಪ, ಮೂವತ್ತಕ್ಕೇ ತೊಗೋತೀನಿ, ಆದರೆ ಇಪ್ಪತ್ತರ ಕಂತನ್ನೇ ಕಟ್ಟೋದು. ಹೆಚ್ಚಿಗೆ ಕಟ್ಟಿದರೆ ಈಗ ದಂಡ ಇಲ್ವಲ್ಲ. ಯಾವತ್ತಾದರೂ ನಮ್ಮಲ್ಲೊಬ್ಬರಿಗೆ ಕೆಲಸ ಬಿಡಬೇಕು ಅನ್ನಿಸಿದರೆ, ಆ ವರ್ಷ ಮಾತ್ರ ಕಡಿಮೇದಕ್ಕೆ ಇಳೀತೀವಿ’ ಎಂದಳು. ನನಗೆ ಧಾರವಾಡಕ್ಕೆ ಬರೆದ ಕಾರ್ಡು ನೆನಪಿಗೆ ಬಂತಾದರೂ ಅದನ್ನು ಅವಳಿಗೆ ಹೇಳಲಿಲ್ಲ.

ಇದರಲ್ಲೊಂದು ತೊಡಕುಂಟು. ಕೈಯಲ್ಲಿ ಸಡಿಲವಿದ್ದವನು ಆರು ಸಾವಿರವನ್ನು ಪ್ರತಿ ತಿಂಗಳೂ ತಾನಾಗಿ ಕಟ್ಟುತ್ತಾನೆಂಬುದಕ್ಕೆ ಖಾತರಿಯೇನು? ದಸರೆ ಬರುತ್ತದೆ, ಮಕ್ಕಳ ಶುಲ್ಕ ಬರುತ್ತದೆ. ಬಹಳ ಮಂದಿ ಮೂವತ್ತಕ್ಕೆ ತೆಗೆದುಕೊಂಡವರು ಮೂವತ್ತನ್ನೇ ಪೂರೈಸುತ್ತಾರೆಂದು ಬ್ಯಾಂಕಿನಲ್ಲಿರುವ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಹೇಳುತ್ತಾನೆ. ಮಗಳು ಇದುವರೆಗೆ ತಪ್ಪಿಲ್ಲ. ಅವಳ ಬ್ಯಾಂಕಿನಲ್ಲಿ ಹೆಚ್ಚುವರಿ ಹಣವನ್ನು ಕಟ್ಟಿದಾಗಲೆಲ್ಲ, ‘ಇದನ್ನು ಅಸಲಿಗೆ ಜಮಾ ಮಾಡಿ ಅವಧಿಯನ್ನು ಇಳಿಸತಕ್ಕದ್ದು’ ಎಂದು ಬರೆದುಕೊಡಬೇಕಂತೆ. ಬರೆಯದಿದ್ದರೆ ಅದನ್ನು ಮುಂದಿನ ತಿಂಗಳ ಕಂತೆಂದು ಭಾವಿಸಿ ಸುಮ್ಮನೆ ಇಟ್ಟುಕೊಳ್ಳುತ್ತಾರಂತೆ. ಆ ಒಕ್ಕಣೆಯನ್ನು ನಾನೇ ಬರೆದುಕೊಟ್ಟೆ. ಅವಳು ಅದರ ನಕಲುಗಳನ್ನು ಒಂದು ಕಡತದಲ್ಲಿ ತಾರೀಖಿನ ಪ್ರಕಾರ ಪೋಣಿಸಿಟ್ಟಿದ್ದಾಳೆ.